ನನ್ನ ಮದುವೆಯ ಎರಡನೇ ಟ್ರೈಲರ್

ನಮ್ಮೂರಿನ ಲಗ್ನಪತ್ರಿಕೆಗಳಲ್ಲಿ ಎರಡು ತಾರೀಕು ಇರುತ್ತವೆ. ಮೇಲೆ ದಪ್ಪಕ್ಷರದಲ್ಲಿ ಟ್ರೈಲರಿನದು, ಕೆಳಗೆ ಸಣ್ಣಕ್ಷರದಲ್ಲಿ ಮುಹೂರ್ತದ್ದು. ದಪ್ಪಕ್ಷರ ನೋಡಿಕೊಂಡು ಜನ ಗುರುವಾರ ಸಂಜೆ ಚಿತ್ರಲೇಖ ಟಾಕೀಸಿಗೆ ಬರುತ್ತಾರೆ. ಸಣ್ಣಕ್ಷರದ ದಿನ ಛತ್ರಕ್ಕೆ ಬರುವುದೋ ಬೇಡವೋ ಎಂಬುದನ್ನು ಟಾಕೀಸಿನಿಂದ ಹೊರಗೆ ಹೋಗುವಾಗ ಮೆಟ್ಟಿಲ ಮೇಲೆ ನಿಂತು ತೀರ್ಮಾನ ಮಾಡುತ್ತಾರೆ. ಮದುವೆಯೊಂದೇ ಅಲ್ಲ, ಗೃಹಪ್ರವೇಶ, ಹೊಸ ಹೋಟೆಲು, ಸ್ಕೂಲಿಗೆ ಹೊಸ ಹೆಡ್‌ಮೇಷ್ಟ್ರು ಬರುವುದು, ಯಾವುದೇ ಇರಲಿ, ಬುಧವಾರ ಬೆಳಗಿನ ಬಸ್ಸಿನ ಟಾಪಿನ ಮೇಲೆ ಅವರವರ ಹೆಸರು ಅಂಟಿಸಿದ ತಗಡಿನ ಡಬ್ಬಿ ಬರುತ್ತದೆ. ಒಳಗೆ ಎರಡೂವರೆ ನಿಮಿಷದ ರೀಲು. ಯಾರು ಕಳಿಸುತ್ತಾರೆ ಎಂದು ಕೇಳುವವರು ಹೊರಗಿನವರು. ನಾವು ಕೇಳುವುದು ಒಂದೇ ಮಾತು: ಹೇಗಿದೆಯಂತೆ?

ಟ್ರೈಲರಿನಲ್ಲಿ ಮಾತಿರುವುದಿಲ್ಲ, ಮ್ಯೂಸಿಕ್ ಮಾತ್ರ. ಆದರೆ ತೋರಿಸಿದ್ದೆಲ್ಲ ನಡೆಯುತ್ತದೆ, ಹಿಂದುಮುಂದಾಗಬಹುದೇ ಹೊರತು ಒಂದು ಎಳೆಯೂ ತಪ್ಪುವುದಿಲ್ಲ. ಅಡುಗೆ ಸೀನಪ್ಪ ಮುಂದಿನ ಬೆಂಚಿನಲ್ಲಿ ಕೂತು, ಎಷ್ಟು ಶಿಳ್ಳೆ ಬಿತ್ತು ಎಂದು ನೋಡಿಕೊಂಡು ತರಕಾರಿ ತರಿಸುತ್ತಾನೆ. ಹೆಡ್‌ಮೇಷ್ಟ್ರ ಟ್ರೈಲರಿನಲ್ಲಿ ಅವರು ಸ್ಲೋ ಮೋಷನ್ನಿನಲ್ಲಿ ತಲೆಯೆತ್ತಿದ್ದರು, ಕೂದಲು ಗಾಳಿಗೆ ಹಾರುತ್ತಿತ್ತು, ಹಿಂದೆ ನಗಾರಿ. ಊರಿಗೆ ಊರೇ ಹಾರ ಹಿಡಿದು ಬಸ್‌ಸ್ಟ್ಯಾಂಡಿಗೆ ಹೋಗಿತ್ತು. ಆ ಪುಣ್ಯಾತ್ಮ ನಾಲ್ಕು ವರ್ಷ ಮೇಜಿನ ಮೇಲೆ ಕಾಲು ಚಾಚಿ ನಿದ್ದೆ ಮಾಡಿದ. ಆ ಗಾಳಿ ಟೇಬಲ್ ಫ್ಯಾನಿನದು, ತಲೆಯೆತ್ತಿದ್ದು ಆಕಳಿಕೆಗೆ. ಆದರೂ ಟ್ರೈಲರನ್ನು ಯಾರೂ ಬಯ್ಯಲಿಲ್ಲ. "ಟ್ರೈಲರ್ ಚೆನ್ನಾಗಿತ್ತಪ್ಪ" ಅಂದರು, ಅಷ್ಟೇ. ಹೊಸ ಅಳಿಯಂದಿರ ಬಗ್ಗೆಯೂ ನಮ್ಮೂರಲ್ಲಿ ಅದೇ ಮಾತು ಹೇಳುತ್ತಾರೆ.

ಚೆನ್ನಾಗಿಲ್ಲದ ಟ್ರೈಲರ್ ಬಂದರೆ ರೀಲು ಸುತ್ತಿಡುವುದು ಪದ್ಧತಿ. ಅಂದರೆ ಆ ಕೆಲಸ ಅಲ್ಲಿಗೇ ನಿಲ್ಲಿಸುವುದು. ಹಿರಿಯರು ಮೆಟ್ಟಿಲ ಮೇಲೆ ನಿಂತು "ಸುತ್ತಿಡ್ರಪ್ಪ" ಅಂದರೆ ಮುಗಿಯಿತು. ಚಪ್ಪರದ ಕಂಬ ಕೀಳುತ್ತಾರೆ, ಬಾಳೆಕಂದು ದನಕ್ಕೆ ಹಾಕುತ್ತಾರೆ, ಶುಕ್ರವಾರದ ಬಸ್ಸಿಗೆ ಡಬ್ಬಿ ವಾಪಸ್ ಹೋಗುತ್ತದೆ.

ಇದನ್ನೆಲ್ಲ ನನಗಿಂತ ಹತ್ತಿರದಿಂದ ನೋಡಿದವರು ಕಡಿಮೆ. ನಾನು ಇಂದ್ರಮ್ಮ, ಚಿತ್ರಲೇಖದ ಹೆಂಗಸರ ಟಿಕೆಟ್ ಕಿಟಕಿಯಲ್ಲಿ ಇಪ್ಪತ್ತು ವರ್ಷದಿಂದ ಕೂತಿರುವವಳು. ಆ ಕಿಟಕಿಯ ತೂತಿನಲ್ಲಿ ನನ್ನ ಕೈ ಮಾತ್ರ ಕಾಣುವುದರಿಂದ ನನ್ನ ಮುಖಕ್ಕಿಂತ ಬಳೆ ನೋಡಿ ಗುರುತು ಹಿಡಿಯುವವರೇ ಜಾಸ್ತಿ. ನನಗೂ ಇಪ್ಪತ್ತೆರಡನೇ ವಯಸ್ಸಿನಲ್ಲಿ ಒಂದು ಟ್ರೈಲರ್ ಬಂದಿತ್ತು. ಅದರಲ್ಲಿ ಅಪ್ಪ ಚಪ್ಪರದ ಮೂಲೆಯಲ್ಲಿ ತಲೆ ಮೇಲೆ ಕೈಹೊತ್ತು ಕೂತಿದ್ದರು. ಒಂದು ದೀಪ ಆರಿತು. ಹಿಂದೆ ವಯೊಲಿನ್ ಕುಯ್ಯೋ ಅಂತ ಅಳುತ್ತಿತ್ತು. ಗಂಡಿನ ಕಡೆಯವರು ಮೆಟ್ಟಿಲು ಇಳಿಯುವ ಮೊದಲೇ "ಸುತ್ತಿಡಿ" ಅಂದರು. ಅಪ್ಪ ಹಾಗೆ ಕೂತಿದ್ದು ಯಾಕೆ ಎಂದು ನನಗೆ ಇವತ್ತಿಗೂ ಗೊತ್ತಿಲ್ಲ. ತಲೆನೋವಿದ್ದಿರಬಹುದು. ಮಲ್ಲಿಗೆಯ ವಾಸನೆಗೆ ಅಪ್ಪನಿಗೆ ತಲೆನೋವು ಬರುತ್ತಿತ್ತು. ಆಗ ನಾನೂ ತಲೆಬಗ್ಗಿಸಿ ಹೂಂ ಅಂದೆ, ಅದಕ್ಕೇ ನನ್ನ ಮೇಲೆ ನನಗೆ ಎಷ್ಟೋ ವರ್ಷ ಸಿಟ್ಟಿತ್ತು.

ರಂಗಧಾಮಯ್ಯನವರು ನನ್ನ ಕಿಟಕಿಗೆ ಬರುತ್ತಿದ್ದದ್ದು ಅವರ ತಾಯಿಗೆ ಟಿಕೆಟ್ ಕೊಳ್ಳಲು. ಅವರು ನಾಗಸ್ವರ ಊದುವವರು. ನಮ್ಮೂರಿನ ಯಾರ ಮದುವೆಯ ಟ್ರೈಲರ್ ನೋಡಿದರೂ ಒಂದು ಮೂಲೆಯಲ್ಲಿ ಕೆನ್ನೆ ಉಬ್ಬಿಸಿಕೊಂಡು ಕೂತಿರುವ ಆಸಾಮಿ ಅವರೇ. ಐವತ್ತು ಹತ್ತಿರವಾದರೂ ಅವರದೇ ಟ್ರೈಲರ್ ಬಂದಿರಲಿಲ್ಲ. ತಾಯಿ ಚೆಲುವಮ್ಮನವರಿಗೆ ಟ್ರೈಲರ್ ಅಂದರೆ ಪ್ರಾಣ. ಪ್ರತಿ ಗುರುವಾರ ಬರುತ್ತಿದ್ದರು, ಟ್ರೈಲರ್ ಮುಗಿದು ಪಿಕ್ಚರ್ ಶುರುವಾಗುತ್ತಲೇ ಎದ್ದುಬಿಡುತ್ತಿದ್ದರು. "ಇನ್ನೇನಿದೆ ನೋಡಕ್ಕೆ? ಎಲ್ಲಾ ತೋರಿಸಿದ್ರಲ್ಲ" ಅನ್ನುತ್ತಿದ್ದರು. ಮಗ ಕೈಹಿಡಿದು ಮನೆಗೆ ಕರೆದುಕೊಂಡು ಹೋಗುತ್ತಿದ್ದರು. ಹೀಗೆ ಐದಾರು ವರ್ಷ ನಡೆದ ಮೇಲೆ ಒಂದು ಗುರುವಾರ ರಂಗಧಾಮಯ್ಯನವರು ಕಿಟಕಿಗೆ ಬಗ್ಗಿದರು.

"ಅಮ್ಮನಿಗೆ ಒಂದು ಟಿಕೆಟ್ ಕೊಡಿ ಇಂದ್ರಮ್ಮೋರೆ. ಆಮೇಲೆ... ನನ್ನನ್ನ ಮದುವೆ ಆಗ್ತೀರಾ?"

ಹಿಂದೆ ಸಾಲಿನಲ್ಲಿ ಹದಿನೈದು ಹೆಂಗಸರು. "ಬೇಗ ಹೇಳಮ್ಮ ತಾಯಿ, ಟ್ರೈಲರ್ ಶುರುವಾಗುತ್ತೆ!" ಅಂತ ಯಾರೋ ಕೂಗಿದರು. ನಾನು ಟಿಕೆಟ್ ಹರಿದು ಹೊರಗೆ ಚಾಚಿ, "ಆಗ್ತೀನಿ, ಮುಂದೆ ಹೋಗಿ" ಅಂದೆ. ನನ್ನ ಬಳೆಗಳು ಗಲಗಲ ಅನ್ನುತ್ತಿದ್ದುದನ್ನು ಅವರು ಕೇಳಿಸಿಕೊಂಡರಂತೆ, ಆಮೇಲೆ ಹೇಳಿದರು.

ನಮ್ಮ ಟ್ರೈಲರ್ ಬಂದ ಗುರುವಾರ ಟಾಕೀಸಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ನಾನು ಎಂದಿನಂತೆ ಬಾಗಿಲಿನ ಪರದೆ ಸರಿಸಿ ಹೊರಗೆ ನಿಂತೇ ನೋಡಿದೆ. 'ಬರುವ ಭಾನುವಾರ' ಎಂಬ ಅಕ್ಷರ ಮೂಡಿತು, ಅದರ ಹಿಂದೆಯೇ ಅದೇ ಹಾಳು ವಯೊಲಿನ್. ಸಾಂಬಾರಿನ ಕೊಳಗ ಉರುಳಿ ನೆಲವೆಲ್ಲ ಕೆಂಪಾಯಿತು. ನನ್ನಣ್ಣ ನಾಗಭೂಷಣ ಕೆಂಡದಂಥ ಮುಖ ಮಾಡಿಕೊಂಡು ನನ್ನ ಎದುರಿಗೆ ಕೈಯೆತ್ತಿದ. ನನ್ನ ಕಣ್ಣಿನ ಕಾಡಿಗೆ ಕೆನ್ನೆ ಮೇಲೆ ಧಾರಾಕಾರ ಇಳಿಯುತ್ತಿತ್ತು. ರಂಗಧಾಮಯ್ಯನವರು ನನ್ನ ಕಡೆ ತಿರುಗಿ ಏನೋ ಅಂದರು, ತುಟಿ ಮಾತ್ರ ಆಡಿತು. ಆಮೇಲೆ ಕೊರಳ ಹಾರ ಕಿತ್ತು ಎಸೆದು, ಬರಿಗಾಲಿನಲ್ಲಿ ಛತ್ರದ ಗೇಟು ದಾಟಿ ಓಡಿದರು. ಕೊನೆಗೆ ಸಾಲುಸಾಲು ಖಾಲಿ ಕುರ್ಚಿಗಳು, ಮಂಟಪದ ಮೇಲೆ ನಾನೊಬ್ಬಳೇ. ಅಲ್ಲಿಗೆ ಕತ್ತಲಾಯಿತು.

ಒಂದು ಶಿಳ್ಳೆಯೂ ಬೀಳಲಿಲ್ಲ. ಸೀನಪ್ಪ ಎದ್ದು ಟವೆಲ್ ಕೊಡವಿ ಹೊರಟ. ಮೆಟ್ಟಿಲ ಮೇಲೆ ಅಣ್ಣ ನನ್ನ ಕೈಹಿಡಿದುಕೊಂಡ.

"ಸುತ್ತಿಡೋಣ ಇಂದ್ರಿ. ಊರೆದುರಿಗೆ ನಿನ್ನ ಬಿಟ್ಟು ಓಡ್ತಾನೆ. ನಾನು ನಿನ್ನ ಮೇಲೆ ಕೈಮಾಡ್ತೀನಂತೆ! ನಾನು, ನಿನ್ನ ಮೇಲೆ!" ಅಣ್ಣ ಅಳುವುದೊಂದು ಬಾಕಿ.

"ಒಂದು ಸಲ ಸುತ್ತಿಟ್ಟಾಯ್ತಲ್ಲಣ್ಣ" ಅಂದೆ. "ಅಪ್ಪ ಯಾಕೆ ತಲೆ ಮೇಲೆ ಕೈಹೊತ್ತು ಕೂತಿದ್ರು ಅಂತ ಇವತ್ತಿಗೂ ಗೊತ್ತಾಗಿಲ್ಲ. ಈ ಸಲ ನಂಗೆ ಗೊತ್ತಾಗ್ಬೇಕು."

ಧೈರ್ಯದ ಮಾತೇನೋ ಆಡಿಬಿಟ್ಟೆ, ಒಳಗೊಳಗೇ ಹೆದರಿಕೆಯಿತ್ತು. ಮಾರನೇ ದಿನ ರಂಗಧಾಮಯ್ಯನವರು ಕಿಟಕಿಗೆ ಬಂದರು. ಮುಖ ಸಪ್ಪಗಾಗಿತ್ತು.

"ನಾನು ಓಡಿಹೋಗೋನಲ್ಲ ಇಂದ್ರಮ್ಮೋರೆ."

"ಓಡಿದ್ದು ನೋಡಿದ್ನಲ್ಲ."

"ನಾನೂ ನೋಡಿದೆ. ಯಾಕೆ ಓಡಿದೆ ಅಂತ ನಂಗೇ ಗೊತ್ತಾಗ್ತಿಲ್ಲ."

ಇದಕ್ಕಿಂತ ನಿಜವಾದ ಮಾತನ್ನು ಯಾವ ಗಂಡೂ ಯಾವ ಹೆಣ್ಣಿಗೂ ಹೇಳಿರಲಾರ. ನನಗೆ ನಗು ಬಂತು. "ಹಾಗಾದ್ರೆ ಭಾನುವಾರ ಇಬ್ರೂ ಸೇರಿ ನೋಡೋಣ" ಅಂದೆ. ಅವರ ಹಿಂದೆ ಪ್ರೊಜೆಕ್ಟರ್ ಓಡಿಸುವ ಖಲೀಲ್ ಸಾಬರು ಬೀಡಿ ಹಚ್ಚಿಕೊಂಡು ನಿಂತಿದ್ದರು. "ನಲವತ್ತು ವರ್ಷದಿಂದ ರೀಲು ಓಡಿಸ್ತಿದೀನಮ್ಮ" ಅಂದರು. "ಕೆಟ್ಟ ಟ್ರೈಲರ್ ಬಂದಿದ್ದರ ಪಿಕ್ಚರ್ ಒಂದೂ ನೋಡಿಲ್ಲ. ಎಲ್ಲಾ ಸುತ್ತಿಟ್ಟುಬಿಡ್ತಾರೆ. ಒಂದಾದ್ರೂ ನೋಡ್ಬೇಕು ಅಂತ ಆಸೆ." ಹೌದಲ್ಲ! ಒಳ್ಳೆಯ ಟ್ರೈಲರಿನ ಹಿಂದೆ ನಿದ್ದೆ ಹೊಡೆಯುವ ಹೆಡ್‌ಮೇಷ್ಟ್ರಿದ್ದ. ಕೆಟ್ಟ ಟ್ರೈಲರಿನ ಹಿಂದೆ ಏನಿರುತ್ತದೆ ಎಂದು ನಮ್ಮೂರಲ್ಲಿ ಒಬ್ಬರಿಗೂ ಗೊತ್ತಿರಲಿಲ್ಲ.

ಸಾಬರ ಮಾತು ಸಂಜೆಯೊಳಗೆ ಊರೆಲ್ಲ ಸುತ್ತಿತು. ಬರಬಾರದು ಅಂದುಕೊಂಡಿದ್ದವರಿಗೆಲ್ಲ ಬರಲೇಬೇಕು ಅನ್ನಿಸಿತು. ಕರೆದದ್ದು ಇನ್ನೂರು ಜನರನ್ನು, ಬಂದದ್ದು ಐನೂರು. ಭಾನುವಾರ ಬೆಳಿಗ್ಗೆ ಏಳಕ್ಕೆಲ್ಲ ಮುಂದಿನ ಸಾಲಿನ ಕುರ್ಚಿಗಳ ಮೇಲೆ ಟವೆಲ್ ಬಿದ್ದಿದ್ದವು. ಯಾರ ಕೈಯಲ್ಲೂ ಉಡುಗೊರೆ ಇರಲಿಲ್ಲ, ಎಲ್ಲರ ಮಡಿಲಲ್ಲೂ ಕಡಲೆಕಾಯಿ ಪೊಟ್ಟಣವಿತ್ತು. ಅಣ್ಣ ಮೂರು ದಿನದಿಂದ ನಿದ್ದೆಗೆಟ್ಟು ಬಂದೋಬಸ್ತು ಮಾಡಿದ್ದ. ರಂಗಧಾಮಯ್ಯ ಓಡದಂತೆ ಅವರ ಚಪ್ಪಲಿ ಬಚ್ಚಿಟ್ಟ. ಗೇಟಿನಲ್ಲಿ ಇಬ್ಬರು ದಾಂಡಿಗರನ್ನು ನಿಲ್ಲಿಸಿದ. ಯಾರಾದರೂ ಅಪಶಕುನದ ಮಾತಾಡಿದರೆ ಕೇಳಿಸದಿರಲಿ ಎಂದು ಪಕ್ಕದೂರಿನಿಂದ ಕರೆಸಿದ ವಾಲಗದವರಿಗೆ "ಒಂದು ಕ್ಷಣಾನೂ ನಿಲ್ಲಿಸಬೇಡಿ" ಅಂದ. ಸಾಂಬಾರಿನ ಕೊಳಗ ಉರುಳದಂತೆ ಅದರ ಕಿವಿಗೆ ಹಗ್ಗ ಕಟ್ಟಿ ಎದುರಿನ ಕಂಬಕ್ಕೆ ಬಿಗಿದ. ಹತ್ತು ಗಂಟೆಗೆ ಸೀನಪ್ಪ ಅಪ್ಪಳದ ಬುಟ್ಟಿ ಹೊತ್ತು ಬಂದು ಆ ಹಗ್ಗಕ್ಕೇ ಎಡವಿದ. ಕೊಳಗ ದಬಾರನೆ ಉರುಳಿತು.

"ಬಂತು! ಬಂತು!" ಎಂದು ಕುರ್ಚಿಗಳಲ್ಲಿದ್ದವರು ಎದ್ದು ನಿಂತರು. ಅಣ್ಣ ಹಗ್ಗ ಹಿಡಿದುಕೊಂಡು ಗರಬಡಿದವನ ಹಾಗೆ ನಿಂತಿದ್ದ. ನಾನು ಮಂಟಪದಿಂದಲೇ "ಇನ್ನೊಂದು ಕೊಳಗ ಇಡಿಸಣ್ಣ, ಆದದ್ದಾಯ್ತು" ಎಂದು ಕೂಗಿದೆ.

ಹಾರ ಬದಲಾಯಿಸಿ ಕೂತಿದ್ದೆವು. ಅಷ್ಟರಲ್ಲಿ ಡೋಲಿನ ಮುನಿವೆಂಕಟ ಜನರ ನಡುವೆ ನುಗ್ಗಿ ಬಂದ. ಇವನು ರಂಗಧಾಮಯ್ಯನವರ ಜೊತೆ ಮೂವತ್ತು ವರ್ಷ ಡೋಲು ಬಾರಿಸಿದವನು. ಚೆಲುವಮ್ಮನವರನ್ನು ಆಟೋದಲ್ಲಿ ಕರೆತರಲು ಹೋಗಿದ್ದ. ಒಬ್ಬನೇ ಬಂದಿದ್ದ. ರಂಗಧಾಮಯ್ಯನವರ ಕಿವಿಯಲ್ಲಿ ಏನೋ ಹೇಳಿದ. ಅವರ ಮುಖದ ರಕ್ತವೆಲ್ಲ ಇಳಿದುಹೋಯಿತು. ನನ್ನ ಕಡೆ ತಿರುಗಿ ಏನೋ ಅಂದರು. ವಾಲಗದ ಅಬ್ಬರದಲ್ಲಿ ಒಂದಕ್ಷರ ಕೇಳಿಸಲಿಲ್ಲ, ತುಟಿ ಮಾತ್ರ ಆಡಿತು. ಟ್ರೈಲರಿನಲ್ಲಿ ನೋಡಿದ್ದೇ ಅದು. ಅವರು ಹಾರ ಕಿತ್ತು ಎಸೆದರು, ಪಂಚೆ ಮೇಲಕ್ಕೆ ಕಟ್ಟಿದರು, ಬರಿಗಾಲಿನಲ್ಲಿ ಗೇಟಿನ ಕಡೆ ಓಡಿದರು.

ಆಗ ಕೇಳಬೇಕಿತ್ತು ನಮ್ಮೂರಿನವರ ಕೂಗು! ಓಡುವ ಮದುವೆಗಂಡನ್ನು ನೋಡುವುದಕ್ಕೇ ಬಂದವರು ಸುಮ್ಮನೆ ಕೂತಾರೆಯೇ? ಕಡಲೆಕಾಯಿ ಚೆಲ್ಲಿಕೊಂಡು, ಮಕ್ಕಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಎಲ್ಲರೂ ಹಿಂದೆ ಓಡಿದರು. ಗೇಟಿನ ದಾಂಡಿಗರು ಓಡಿದರು. ಸೀನಪ್ಪ ಸೌಟು ಹಿಡಿದೇ ಓಡಿದ. ಅಣ್ಣ "ಹಿಡ್ಕೊಳ್ರೋ ಅವನನ್ನ!" ಅಂತ ಓಡಿದ. ಕೊನೆಗೆ ವಾಲಗದವರೂ ಊದುತ್ತಲೇ ಓಡಿದರು, ನಿಲ್ಲಿಸಬೇಡಿ ಎಂದು ಅಣ್ಣ ತಾಕೀತು ಮಾಡಿದ್ದನಲ್ಲ. ವಾಲಗದ ಸದ್ದು ದೂರದೂರವಾಗಿ ಬೀದಿಯ ತಿರುವಿನಲ್ಲಿ ಕರಗಿತು. ಛತ್ರದಲ್ಲಿ ಸಾಲುಸಾಲು ಖಾಲಿ ಕುರ್ಚಿ ಉಳಿದವು. ಮಂಟಪದ ಹಿಂದೆ ಪುರೋಹಿತರು, ಮಂಟಪದ ಮೇಲೆ ನಾನು.

ನಾನು ಆ ಕುರ್ಚಿಗಳನ್ನು ನೋಡುತ್ತ ಕೂತೆ. ಎದ್ದುಹೋಗಬೇಕು ಅನ್ನಿಸಿತು. ಹಿಂಬಾಗಿಲಿನಿಂದ ಮನೆಗೆ ಹೋಗಿ, ಸೀರೆ ಬದಲಾಯಿಸಿ, ಗುರುವಾರ ಏನೂ ಆಗದವಳ ಹಾಗೆ ಕಿಟಕಿಯಲ್ಲಿ ಕೂತರಾಯಿತು. ಕೈ ಮಾತ್ರ ತಾನೇ ಕಾಣುವುದು! ಅವಮಾನಕ್ಕೆ ಕಿವಿ ಸುಡುತ್ತಿತ್ತು. ಆಗ ಒಂದು ವಿಷಯ ಹೊಳೆಯಿತು. ಟ್ರೈಲರ್ ಮುಗಿದದ್ದು ಇಲ್ಲಿಗೇ. ಖಾಲಿ ಕುರ್ಚಿ, ನಾನೊಬ್ಬಳು, ಆಮೇಲೆ ಕತ್ತಲು. ಈಗ ಕತ್ತಲಾಗಿಲ್ಲ, ಬಿಸಿಲು ಚೆನ್ನಾಗಿ ಬಿದ್ದಿದೆ. ಇನ್ನು ಮುಂದಿನದನ್ನು ಊರಲ್ಲಿ ಯಾರೂ ನೋಡಿಲ್ಲ. ಇಪ್ಪತ್ತೆರಡನೇ ವಯಸ್ಸಿನಲ್ಲಿ ನನ್ನನ್ನು ಹೋಗಗೊಡದೆ ಇದ್ದದ್ದು ಈ ಮುಂದಿನದಕ್ಕೇ ಅಲ್ಲವೇ?

"ಏನಮ್ಮ, ಏಳ್ತೀರಾ?" ಎಂದು ಪುರೋಹಿತರು ಮೆಲ್ಲಗೆ ಕೇಳಿದರು.

"ಮುಹೂರ್ತ ಮೀರೋಕೆ ಇನ್ನೆಷ್ಟು ಹೊತ್ತಿದೆ ಸ್ವಾಮಿ?"

"ಇಪ್ಪತ್ತೈದು ನಿಮಿಷ."

"ಹಾಗಾದ್ರೆ ನೀವೂ ಕೂತ್ಕೊಳ್ಳಿ" ಅಂದೆ.

ಆ ಹೊತ್ತಿನಲ್ಲಿ ಅಲ್ಲಿ ಏನಾಯಿತು ಎಂಬುದನ್ನು ಊರಿನ ಐನೂರು ಜನರೂ ನನಗೆ ಆಮೇಲೆ ಬೇರೆಬೇರೆಯಾಗಿ ಹೇಳಿದ್ದಾರೆ. ರಂಗಧಾಮಯ್ಯನವರು ಓಡಿದ್ದು ತಮ್ಮ ಮನೆಗೆ. ಚೆಲುವಮ್ಮನವರು ಒಳಗಿನಿಂದ ಚಿಲಕ ಹಾಕಿಕೊಂಡು ಕೂತಿದ್ದರು. ಮಗ ಹೆಂಡತಿಯಾಗುವವಳನ್ನು ಬಿಟ್ಟು ಓಡುವುದನ್ನು ಒಂದು ಸಲ ಪರದೆ ಮೇಲೆ ನೋಡಿದ್ದೇ ಸಾಕು, ಕಣ್ಣಾರೆ ನೋಡಲಾರೆ, ಬರುವುದಿಲ್ಲ ಎಂದು ಮುನಿವೆಂಕಟನನ್ನು ಹಿಂದಕ್ಕೆ ಕಳಿಸಿದ್ದರು. ಈಗ ಬಾಗಿಲು ದಡದಡ ಬಡಿದದ್ದು ಕೇಳಿ ಕಿಟಕಿಯಿಂದ ನೋಡಿದರು. ಮಗ ಏದುಸಿರು ಬಿಡುತ್ತ ನಿಂತಿದ್ದ, ಹಿಂದೆ ಇಡೀ ಊರು.

"ಓಡಿ ಬಂದ್ಯಲ್ಲೋ! ನೋಡು, ನಾನು ಹೇಳ್ಲಿಲ್ವಾ?"

"ನಿನ್ನನ್ನ ಕರ್ಕೊಂಡು ಹೋಗಕ್ಕೇ ಓಡಿ ಬಂದಿದ್ದು ಕಣಮ್ಮ! ನೀನು ಬಂದಿದ್ರೆ ನಾನ್ಯಾಕೆ ಓಡ್ತಿದ್ದೆ?"

ವಾಲಗದವರು ಅಣ್ಣನ ಅಪ್ಪಣೆ ಮರೆತು ನಿಲ್ಲಿಸಿದರಂತೆ. ಚೆಲುವಮ್ಮನವರು ಕಿಟಕಿಯ ಸರಳಿಗೆ ಮುಖ ತಂದರು.

"ಅಂದ್ರೆ, ಈಗ ನಾನು ಬಂದ್ರೆ ನೀನು ವಾಪಸ್ ಹೋಗ್ತೀಯಾ?"

"ಹೋಗ್ತೀನಿ."

"ಇದನ್ನ ಅದರಲ್ಲಿ ತೋರಿಸ್ಲೇ ಇಲ್ವಲ್ಲೋ" ಎಂದು ಚಿಲಕ ತೆಗೆದರು.

ಎಂಬತ್ತು ದಾಟಿದ ಮಂಡಿ, ನಡೆದರೆ ಮುಹೂರ್ತ ಮೀರುತ್ತದೆ. ಯಾರೋ ಓಡುವ ಭರದಲ್ಲಿ ಛತ್ರದ ಕುರ್ಚಿಯನ್ನೂ ಹಿಡಿದುಕೊಂಡು ಓಡಿದ್ದರು. ಅದರಲ್ಲೇ ಚೆಲುವಮ್ಮನವರನ್ನು ಕೂರಿಸಿದರು. ಒಂದು ಕಡೆ ಗೇಟಿನ ದಾಂಡಿಗರು, ಇನ್ನೊಂದು ಕಡೆ ಸೀನಪ್ಪ ಮತ್ತು ನನ್ನಣ್ಣ ಹೆಗಲು ಕೊಟ್ಟರು.

ನನಗೆ ಮೊದಲು ಕೇಳಿಸಿದ್ದು ವಾಲಗ. ಸಣ್ಣಗೆ, ಬೀದಿಯ ತಿರುವಿನಿಂದ. ಆಮೇಲೆ ಶಿಳ್ಳೆ. ಆಮೇಲೆ ಗೇಟಿನಲ್ಲಿ ಆ ಕುರ್ಚಿ ಕಾಣಿಸಿತು. ಅದರ ಮೇಲೆ ಚೆಲುವಮ್ಮನವರು ಉತ್ಸವಮೂರ್ತಿಯ ಹಾಗೆ ಕೂತಿದ್ದರು, ಮುಂದೆ ದೂಳು ಮೆತ್ತಿದ ಕಾಲಿನ ರಂಗಧಾಮಯ್ಯನವರು. ಅವರು ಮಂಟಪ ಹತ್ತಿ ನನ್ನ ಪಕ್ಕ ಕೂತು ಉಸಿರು ಸುಧಾರಿಸಿಕೊಂಡರು.

"ಅಮ್ಮನ್ನ ಕರ್ಕೊಂಡು ಬರ್ತೀನಿ, ಕೂತಿರಿ ಅಂದ್ನಲ್ಲ. ಕೇಳಿಸ್ತಾ?"

"ಇಲ್ಲ."

"ಮತ್ತೆ ಕೂತೇ ಇದ್ರಲ್ಲ?"

"ಕೂತಿದ್ದೆ" ಅಂದೆ. ಅಲ್ಲಿಯ ತನಕ ಬಾರದಿದ್ದ ಅಳು ಆಗ ಬಂತು ನೋಡಿ. ಕಾಡಿಗೆಯೆಲ್ಲ ಇಳಿದು ಕೆನ್ನೆ ಕಪ್ಪಾಯಿತು. ಚೆಲುವಮ್ಮನವರು ತಮ್ಮ ಸೆರಗಿನಿಂದ ಒರೆಸಲು ಹೋಗಿ ಇನ್ನಷ್ಟು ಹರಡಿದರು. "ಅಳು ಅಳು, ಇದೂ ಇತ್ತಲ್ಲ ಅದರಲ್ಲಿ" ಅಂದರು.

ಇನ್ನು ಉಳಿದಿದ್ದು ಅಣ್ಣ ಒಬ್ಬನೇ. ಪುರೋಹಿತರು ತಾಳಿಯನ್ನು ರಂಗಧಾಮಯ್ಯನವರ ಕೈಗೆ ಕೊಟ್ಟರು. ಅಣ್ಣ ನನ್ನ ಎದುರಿಗೇ ನಿಂತಿದ್ದ, ಕುರ್ಚಿ ಹೊತ್ತ ಹೆಗಲು ಒಂದು ಕಡೆ ಜಗ್ಗಿತ್ತು, ಬಿಸಿಲಿನಲ್ಲಿ ಓಡಿದ ಮುಖ ಕೆಂಡದ ಹಾಗಿತ್ತು. ಕತ್ತಿನ ನರ ಉಬ್ಬುವಂತೆ ಬಾಯಿ ತೆರೆದು, ಕೈ ಎತ್ತಿದ. "ಗಟ್ಟಿಮೇಳ! ಗಟ್ಟಿಮೇಳ!" ಎಂದು ಅರಚಿದ. ಎತ್ತಿದ ತನ್ನ ಕೈಯನ್ನು ತಾನೇ ನೋಡಿಕೊಂಡ. "ಇಂದ್ರಿ, ಇದೇ ಕಣೇ ಅದು!" ಎಂದು ಜೋರಾಗಿ ಅತ್ತ. ಮುನಿವೆಂಕಟ ಯಾರದೋ ಡೋಲು ಕಿತ್ತುಕೊಂಡು ಬಾರಿಸಿದ. ಐನೂರು ಜನ ಎದ್ದು ನಿಂತು ಅಕ್ಷತೆ ಎಸೆದರು. ಅಕ್ಷತೆ ಸಿಗದವರು ಕಡಲೆಕಾಯಿ ಎಸೆದರು. ಎರಡನೇ ಕೊಳಗದ ಸಾಂಬಾರು ಸಾಲದೆ ಮೂರನೆಯದು ಇಡಬೇಕಾಯಿತು. ಖಲೀಲ್ ಸಾಬರು ಕೊನೆಯ ಪಂಕ್ತಿಯಲ್ಲಿ ಊಟ ಮಾಡುತ್ತ, "ಇಂಥಾ ಪಿಕ್ಚರ್ ನೋಡಿರ್ಲಿಲ್ಲಮ್ಮ" ಎಂದು ಪಕ್ಕದವರಿಗೆಲ್ಲ ಹೇಳುತ್ತಿದ್ದರು.

ತೋರಿಸಿದ ಟ್ರೈಲರನ್ನು ಇನ್ನೊಮ್ಮೆ ತೋರಿಸುವ ಪದ್ಧತಿ ನಮ್ಮೂರಲ್ಲಿ ಇರಲಿಲ್ಲ. ಆದರೆ ಸಾಬರು ನಮ್ಮ ಡಬ್ಬಿಯನ್ನು ಶುಕ್ರವಾರದ ಬಸ್ಸಿಗೆ ಹಾಕದೆ ಇಟ್ಟುಕೊಂಡಿದ್ದರು. ಮುಂದಿನ ಗುರುವಾರ ಜನ ಬಿಡಲಿಲ್ಲ, ಹಾಕಲೇಬೇಕು ಎಂದು ಬೆಂಚು ಕುಟ್ಟಿದರು. ನಾನು ಅವತ್ತು ಕಿಟಕಿ ಮುಚ್ಚಿ, ಇಪ್ಪತ್ತು ವರ್ಷದಲ್ಲಿ ಮೊದಲ ಸಲ ಒಳಗೆ ಹೋಗಿ ಬೆಂಚಿನ ಮೇಲೆ ಕೂತೆ. ಒಂದು ಪಕ್ಕ ಅವರು, ಇನ್ನೊಂದು ಪಕ್ಕ ನಮ್ಮತ್ತೆ. ಅದೇ ರೀಲು, ಅದೇ ವಯೊಲಿನ್, ಒಂದು ಎಳೆಯೂ ಬದಲಾಗಿರಲಿಲ್ಲ. ಕೊಳಗ ಉರುಳಿದಾಗ ಟಾಕೀಸು ಬಿದ್ದುಬಿದ್ದು ನಕ್ಕಿತು. ಅಣ್ಣ ಕೈಯೆತ್ತಿದಾಗ ಎಲ್ಲರೂ ಒಟ್ಟಿಗೆ "ಗಟ್ಟಿಮೇಳ!" ಎಂದು ಕೂಗಿದರು. ರಂಗಧಾಮಯ್ಯನವರು ಗೇಟು ದಾಟಿ ಓಡಿದಾಗ ಬಿದ್ದಷ್ಟು ಶಿಳ್ಳೆ ಯಾವ ಹೀರೋಗೂ ಬಿದ್ದಿಲ್ಲ. ಖಾಲಿ ಕುರ್ಚಿಗಳ ಎದುರಿಗೆ ನಾನೊಬ್ಬಳೇ ಕೂತಿದ್ದು ಬಂದಾಗ ಹೆಂಗಸರ ಸಾಲಿನಲ್ಲಿ ಒಬ್ಬಳು ಎದ್ದು ನಿಂತು ಚಪ್ಪಾಳೆ ತಟ್ಟಿದಳು. ನೋಡನೋಡುತ್ತ ಇಡೀ ಸಾಲು ಎದ್ದು ನಿಂತಿತು. ಪರದೆಯ ಮೇಲಿನ ನನ್ನನ್ನು ನಾನೇ ನೋಡಿಕೊಂಡೆ. ಹೆದರಿದವಳ ಹಾಗೇನೂ ಕಾಣುತ್ತಿರಲಿಲ್ಲ. ಅಪ್ಪ ಇದ್ದಿದ್ದರೆ ತೋರಿಸಬಹುದಿತ್ತು ಅನ್ನಿಸಿತು.

"ಅಯ್ಯೋ, ನಾನು ಒಂದು ಕಡೇನೂ ಬರ್ಲೇ ಇಲ್ವಲ್ಲೇ!" ಎಂದರು ನಮ್ಮತ್ತೆ. "ಇಷ್ಟೆಲ್ಲ ಆಗಿದ್ದು ನನ್ನಿಂದ!"

ಅಷ್ಟರಲ್ಲಿ ಟ್ರೈಲರ್ ಮುಗಿದು ಪಿಕ್ಚರಿನ ಹೆಸರು ಬೀಳತೊಡಗಿತು. ಅವರು ಅಭ್ಯಾಸಬಲದಿಂದ ಎದ್ದು ತಾಯಿಗೆ ಕೈ ಚಾಚಿದರು. ನಮ್ಮತ್ತೆ ಪರದೆಯಿಂದ ಕಣ್ಣು ತೆಗೆಯದೆ ಆ ಕೈಯನ್ನು ಆಚೆಗೆ ತಳ್ಳಿದರು.

"ಕೂತ್ಕೊಳೋ" ಅಂದರು. "ಪಿಕ್ಚರ್ ಈಗ ಶುರುವಾಗ್ತಿದೆ."